ಶನಿವಾರ ಮೂರು ಗಂಟೆಯ ದನಿ

ಆಗ ನನಗೆ ಐವತ್ತೇಳು. ಅದಾಗಿ ಏಳು ವರ್ಷ ಆಯಿತು. ಅಬುಧಾಬಿಯಲ್ಲಿ ಒಂದು ಕ್ಲೀನಿಂಗ್ ಕಂಪನಿಯ ಕೆಲಸ. ಮುಸಫ್ಫಾದ ನಮ್ಮ ಕ್ಯಾಂಪಿನಿಂದ ವ್ಯಾನು ಹೊರಟು ಒಬ್ಬೊಬ್ಬರನ್ನು ಒಂದೊಂದು ಕಟ್ಟಡದ ಬುಡದಲ್ಲಿ ಇಳಿಸುತ್ತಿತ್ತು, ನಾಲ್ಕು ಗಂಟೆ ಬಿಟ್ಟು ಬಂದು ಹೆಕ್ಕಿಕೊಂಡು ಹೋಗುತ್ತಿತ್ತು. ಸೋಮವಾರ, ಬುಧವಾರ ಬೆಳಿಗ್ಗೆ ಮತ್ತು ಶನಿವಾರ ಮಧ್ಯಾಹ್ನ ನನ್ನದು ಅಲ್ ರೀಮ್ ಐಲ್ಯಾಂಡಿನ ಒಂದು ಫ್ಲ್ಯಾಟು. ಇಪ್ಪತ್ತಮೂರನೇ ಮಾಳಿಗೆ. ಇಂಗ್ಲೆಂಡಿನ ಗಂಡಸು, ಒಬ್ಬನೇ ಇರುವುದು ಎಂದು ಸೂಪರ್‌ವೈಸರ್ ಹೇಳಿ ಕಳಿಸಿದ್ದ.

ಮೊದಲ ದಿನ ಹೋದಾಗ ಒಳಗಿನ ಕೋಣೆಯಲ್ಲಿ ಇಬ್ಬರು ಮಾತಾಡುತ್ತಿದ್ದರು. ಒಬ್ಬ ದಪ್ಪ ದನಿಯವ, ಒಬ್ಬ ಸಣ್ಣ ದನಿಯವ. ಜಗಳವೋ ಏನೋ. ನಾನು ಎರಡು ಚಾ ಮಾಡಿ ತೆಗೆದುಕೊಂಡು ಹೋದೆ. ನೋಡಿದರೆ ಒಬ್ಬನೇ, ಕೈಯಲ್ಲಿ ಕಾಗದ, ಎದುರಿಗೆ ಖಾಲಿ ಕುರ್ಚಿ, ಎರಡು ದನಿಯೂ ಅವನದೇ. ಅವನು ಎರಡು ಲೋಟ ನೋಡಿದ, ನನ್ನನ್ನು ನೋಡಿದ. ಥ್ಯಾಂಕ್ಯೂ ಎಂದು ಎರಡನ್ನೂ ಕುಡಿದ. ಹುಚ್ಚನ ಮನೆಗೆ ಹಾಕಿದ್ದಾರೆ ಎಂದುಕೊಂಡೆ. ಹುಚ್ಚನಾದರೂ ಮನೆ ಕೊಳಕು ಮಾಡುವವನಲ್ಲ. ನನಗೆ ಅಷ್ಟು ಸಾಕು.

ಅವನ ಕಥೆ ನನಗೆ ಒಂದೇ ದಿನ ಗೊತ್ತಾದದ್ದಲ್ಲ. ನಾನು ಇಸ್ತ್ರಿ ಹಾಕುವಾಗ ಅಡಿಗೆಮನೆಯ ಸ್ಟೂಲಿನ ಮೇಲೆ ಕುಳಿತು ಸ್ವಲ್ಪ ಸ್ವಲ್ಪ ಹೇಳುತ್ತಿದ್ದ. ಕೇಳಲು ಬೇರೆ ಯಾರೂ ಇರಲಿಲ್ಲ. ಮೂವತ್ತು ವರ್ಷ ಗಲ್ಫಿನ ಮನೆಗಳಲ್ಲಿ ಪಾತ್ರೆ ತೊಳೆದವಳಿಗೆ ಇಂಗ್ಲಿಷು ಕಿವಿಗೆ ಬರುತ್ತದೆ, ಬಾಯಿಗೆ ಅರ್ಧ ಬರುತ್ತದೆ, ಕಣ್ಣಿಗೆ ಬರುವುದಿಲ್ಲ.

ಅವನ ಕಸುಬು ನಗಿಸುವುದು. ಕಲಿತು ಬಂದ ಜೋಕು ಹೇಳುವುದಲ್ಲ. ಸ್ಟೇಜಿಗೆ ಬರಿಗೈಯಲ್ಲಿ ಹೋಗಿ, ಒಂದು ಮಾತು ಕೊಡಿ ಎಂದು ಕುಳಿತ ಜನರನ್ನು ಕೇಳುವುದು. ಜನ ಹಲ್ಲಿನ ಡಾಕ್ಟರು ಎನ್ನುತ್ತಾರೆ, ಬಸ್ ಸ್ಟ್ಯಾಂಡು ಎನ್ನುತ್ತಾರೆ. ಇವನು ಮತ್ತು ಇವನ ಜೊತೆಗಾರ ಅದನ್ನೇ ಹಿಡಿದು ಅಲ್ಲೇ ಕಟ್ಟಿ ಆಡಬೇಕು. ಮೊದಲೇ ಬರೆದಿಟ್ಟದ್ದು ಒಂದಕ್ಷರ ಇಲ್ಲ. ಇದು ನನಗೆ ಅರ್ಥವಾಗದ ವಿಷಯವೇನೂ ಅಲ್ಲ. ನನ್ನ ಅಣ್ಣ ಕಾರ್ಕಳದ ಕಡೆ ತಾಳಮದ್ದಳೆಯಲ್ಲಿ ಅರ್ಥ ಹೇಳುತ್ತಿದ್ದ. ಅವರೂ ವೇಷ ಕಟ್ಟದೆ, ಪುಸ್ತಕ ಹಿಡಿಯದೆ, ಕುಳಿತಲ್ಲೇ ಮಾತು ಹುಟ್ಟಿಸುವವರು. ಭಾಗವತರು ಪದ್ಯ ನಿಲ್ಲಿಸಿದರೆ ಬಾಯಿ ತೆರೆಯಬೇಕು, ಅಷ್ಟೇ.

ಇವನು ಇಪ್ಪತ್ತೆರಡನೇ ವರ್ಷದಲ್ಲಿ ಅವನ ಊರಿನ ಒಂದು ಬಾರಿನ ಮೇಲಿನ ಕೋಣೆಯಲ್ಲಿ ಶುರು ಮಾಡಿದ್ದಂತೆ. ನೋಡಲು ಏಳು ಜನ, ಅದರಲ್ಲಿ ಮೂವರು ಮಳೆಗೆ ನಿಂತವರು. ಜೊತೆಗೆ ಒಬ್ಬ ಡೊಳ್ಳು ಹೊಟ್ಟೆಯ ಗೆಳೆಯ. ಹದಿನೆಂಟು ವರ್ಷ ಇಬ್ಬರೂ ಒಟ್ಟಿಗೆ ಆಡಿದರು. ಹೋಟೆಲುಗಳಲ್ಲಿ ಆಟ ಉಂಟು ಎಂದು ದುಬೈಗೆ ಬಂದರು. ಹೆಂಡತಿ, ಮಗಳೂ ಬಂದು ನಾಲ್ಕು ವರ್ಷ ಇದ್ದರು. ಆಮೇಲೆ ಹೆಂಡತಿ, ಇಲ್ಲಿ ಸಾಕು, ನಿನ್ನ ಜೊತೆಯೂ ಸಾಕು ಎಂದು ಮಗಳನ್ನು ಕರೆದುಕೊಂಡು ವಾಪಸು ಹೋದಳು.

ಅದೇ ವಾರ ಆಟ ಇತ್ತು. ಸ್ಟೇಜಿನ ಮೇಲೆ ಏನೋ ಆಡುತ್ತಾ ಆಡುತ್ತಾ ಗೆಳೆಯ, ನಿನ್ನ ಹೆಂಡತಿ ಎಲ್ಲಿ ಎಂದು ಕೇಳಿಬಿಟ್ಟ. ಬೇಕೆಂದು ಕೇಳಿದ್ದಲ್ಲ, ಆಟದ ಭರದಲ್ಲಿ ಬಂದದ್ದು. ಇವನು ಹೋದಳು ಎಂದ. ಗೆಳೆಯ ಅದರ ಮೇಲೆ, ಸೋಫಾ ತೆಗೆದುಕೊಂಡು ಹೋದಳಾ, ಬಿಟ್ಟು ಹೋದಳಾ ಎಂದ. ಇಡೀ ಹಾಲ್ ನಕ್ಕಿತು. ಇವನು ಸ್ಟೇಜಿನಿಂದ ಇಳಿದು ನೇರ ಕಾರಿಗೆ ಹೋದ. ಗೆಳೆಯ ಎಷ್ಟೋ ಸಲ ಬಂದು ತಪ್ಪಾಯಿತು ಎಂದನಂತೆ, ಎರಡು ತಿಂಗಳು ಕಾದನಂತೆ, ಕಡೆಗೆ ಅವನೂ ಊರಿಗೆ ಹೋದ. ಇವನು ಮತ್ತೆ ಸ್ಟೇಜು ಹತ್ತಲಿಲ್ಲ. ದುಬೈ ಬಿಟ್ಟು ಅಬುಧಾಬಿಗೆ ಬಂದ. ಕಂಪನಿಗಳಿಗೆ ಹೋಗಿ ಆಫೀಸಿನವರಿಗೆ ಕ್ಲಾಸು ತೆಗೆದುಕೊಳ್ಳುತ್ತಿದ್ದ. ಇವತ್ತು ಜೆಬೆಲ್ ಅಲಿ, ನಾಳೆ ಇನ್ನೊಂದು ಕಡೆ. ಎದುರಿನವರು ಏನು ಹೇಳಿದರೂ ಮೊದಲು ಹೌದು ಎನ್ನಬೇಕು, ಆಮೇಲೆ ಅದಕ್ಕೆ ಇನ್ನೊಂದು ಮಾತು ಕೂಡಿಸಬೇಕು. ಅವರ ಆಟದ ಮುಖ್ಯ ನಿಯಮ ಅದು, ಅದನ್ನೇ ಕಲಿಸುವುದು. ಹೌದು ಎನ್ನಲು ಆಫೀಸಿನವರಿಗೆ ಕ್ಲಾಸು ಬೇಕಂತೆ. ನಾವು ಮೂವತ್ತು ವರ್ಷದಿಂದ ಎಸ್ ಮೇಡಂ ಎನ್ನುತ್ತಿದ್ದೇವೆ, ನಮ್ಮನ್ನು ನೋಡಲು ಯಾರೂ ಟಿಕೇಟು ತೆಗೆಯಲಿಲ್ಲ.

ಸ್ಟೇಜು ಬಿಟ್ಟ ಮೇಲೆ ಅವನಿಗೆ ಒಂದು ರೋಗ ಹತ್ತಿತ್ತು. ಎಲ್ಲವನ್ನೂ ಬರೆದಿಡುವುದು. ಫ್ರಿಜ್ಜಿನ ಮೇಲೆ ಚೀಟಿ, ಬಾತ್‌ರೂಮಿನ ಕನ್ನಡಿಯ ಮೇಲೆ ಚೀಟಿ. ಎಸಿ ರಿಪೇರಿಯವನಿಗೆ ಹೇಳಬೇಕಾದದ್ದನ್ನೂ ಬರೆದುಕೊಂಡು, ಬಾಗಿಲು ತೆರೆದು ಓದುತ್ತಿದ್ದ. ಬರೆಯದೆ ಬದುಕಿದವನು, ನನ್ನೊಬ್ಬಳ ಹತ್ತಿರ ಬಿಟ್ಟರೆ, ಬರೆಯದೆ ಬಾಯಿ ತೆರೆಯದವನಾಗಿದ್ದ. ಚೀಟಿ ಮುಟ್ಟಬೇಡಿ ಎಂದು ನನಗೆ ಮೊದಲೇ ಹೇಳಿದ್ದ.

ಶನಿವಾರ ಮೂರು ಗಂಟೆಗೆ ಮಗಳ ಫೋನು. ಹನ್ನೊಂದು ವರ್ಷದ ಹುಡುಗಿ. ಅಲ್ಲಿ ಆಗ ವಿಡಿಯೋ ಕಾಲು ನಡೆಯುತ್ತಿರಲಿಲ್ಲ, ಬರೀ ದನಿ. ಅವನು ಫೋನನ್ನು ಸ್ಪೀಕರಿಗೆ ಹಾಕಿ ಟೇಬಲಿನ ಮೇಲಿಟ್ಟು, ಎರಡು ಕೈಯಲ್ಲಿ ಕಾಗದ ಹಿಡಿದು ಓದುತ್ತಿದ್ದ. ಸ್ಕೂಲು ಹೇಗಿದೆ. ಮಗು ಗುಡ್ ಎನ್ನುತ್ತಿತ್ತು. ಚಳಿ ಉಂಟಾ. ಯೆಸ್. ಯಾವ ಪುಸ್ತಕ ಓದಿದೆ. ಅದು ಯಾವುದೋ ಹೆಸರು ಹೇಳುತ್ತಿತ್ತು. ಅವನು ಕಾಗದ ತಿರುಗಿಸುತ್ತಿದ್ದ. ಮೂರು ನಿಮಿಷಕ್ಕೆ ಖಲಾಸ್. ಬ್ಯಾಂಕಿನವರು ಮಾಡುವ ಫೋನಿನಲ್ಲಿ ಇದಕ್ಕಿಂತ ಪ್ರೀತಿ ಇರುತ್ತದೆ.

ಒಂದು ಶನಿವಾರ ಆ ಮಗು, ಇನ್ನು ಎರಡು ವಾರಕ್ಕೊಮ್ಮೆ ಮಾಡಿದರೆ ಸಾಕಾ ಎಂದು ಅಮ್ಮ ಕೇಳಿದರು ಎಂದಿತು. ನಿನಗೆ ಹೇಗೆ ಬೇಕೋ ಹಾಗೆ ಎನ್ನಲು, ಬೇಡ ವಾರ ವಾರ ಮಾಡು ಎನ್ನಲು, ಅವನ ಕಾಗದದಲ್ಲಿ ಏನೂ ಇರಲಿಲ್ಲ. ಆಯ್ತು ಎಂದ. ಫೋನು ಇಟ್ಟು ಕಾಗದ ಮಡಚಿದ.

“ಇವತ್ತು ಎರಡು ವಾರ. ಮುಂದೆ ತಿಂಗಳಿಗೊಮ್ಮೆ ಆಗ್ತದೆ,” ಎಂದ ನನ್ನ ಹತ್ತಿರ. “ಆಮೇಲೆ ಬರ್ತ್‌ಡೇಗೆ ಮಾತ್ರ. ನನ್ನ ಅಪ್ಪ ಹಾಗೇ ಹೋದದ್ದು.”

ನಾನು ಇನ್ನೊಂದು ಅಂಗಿ ಇಸ್ತ್ರಿಗೆ ತೆಗೆದೆ. ಮಕ್ಕಳ ಫೋನಿನ ವಿಷಯ ನನಗೇನು ಗೊತ್ತು. ನಮ್ಮ ಕ್ಯಾಂಪಿನ ಕೋಣೆಯಲ್ಲಿ ಆರು ಮಂಚ. ಸಂಜೆ ಆದರೆ ಐದು ಜನ ಫೋನು ಹಿಡಿದು ಗೋಡೆಗೆ ಮುಖ ಮಾಡಿ ಮಲಗುತ್ತಾರೆ, ಮಕ್ಕಳ ಹತ್ತಿರ ಮಾತಾಡಲು. ನಾನು ಆ ಹೊತ್ತಿಗೆ ಬಟ್ಟೆ ಒಗೆಯುತ್ತೇನೆ. ನನಗೆ ಮದುವೆ ಆಗಿತ್ತು, ನಿಲ್ಲಲಿಲ್ಲ. ಅಣ್ಣ ಸತ್ತ. ನನ್ನ ಫೋನು ಬಡಿದರೆ ಅದು ಸೂಪರ್‌ವೈಸರ್.

ಎರಡು ವಾರದ ಮೇಲಿನ ಫೋನಿಗೆ ಅವನು ತುಂಬಾ ತಯಾರಿ ಮಾಡಿದ್ದ. ನಾಲ್ಕು ಕಾಗದ ಬರೆದು, ಮಡಚಿ, ನೀಲಿ ಅಂಗಿಯ ಜೇಬಿನಲ್ಲಿಟ್ಟಿದ್ದ. ಅಂಗಿ ಕುರ್ಚಿಯ ಮೇಲೆ ಇತ್ತು. ಜೇಬು ನೋಡದೆ ಮೆಷಿನಿಗೆ ಹಾಕಿದೆ. ಮೂವತ್ತು ವರ್ಷದಲ್ಲಿ ಜೇಬು ನೋಡದೆ ಒಗೆದದ್ದು ಅದೊಂದೇ ಸಲ. ಸುಳ್ಳು ಯಾಕೆ ಹೇಳಲಿ, ಆ ಕಾಗದಗಳ ಮೇಲೆ ನನಗೆ ಸಿಟ್ಟು ಇತ್ತು. ಆದರೆ ಬೇಕೆಂದು ಮಾಡಿದ್ದಲ್ಲ.

ಮೂರು ಗಂಟೆಗೆ ಫೋನು ಬಡಿಯಿತು. ಅವನು ಜೇಬು ಹುಡುಕಿದ, ಕುರ್ಚಿ ಹುಡುಕಿದ. ನಾನು ಮೆಷಿನಿನಿಂದ ತೆಗೆದ ಮುದ್ದೆ ತೋರಿಸಿದೆ. ಅವನ ಮುಖ ಗೋಡೆಯ ಹಾಗಾಯಿತು. ಫೋನು ಒತ್ತಿದ, ಹಲೋ ಎಂದ, ಮುಂದೆ ಬರಲಿಲ್ಲ. ಮಗು ಡ್ಯಾಡ್ ಎಂದಿತು. ಮತ್ತೆ ಡ್ಯಾಡ್, ಇದ್ದೀರಾ ಎಂದಿತು. ಇವನು ಟೇಬಲಿನ ಅಂಚು ಹಿಡಿದು ನಿಂತಿದ್ದಾನೆ. ಒಂದು ಮಗು ಕರೆಯುವುದು, ಎದುರಿಗೆ ಇದ್ದು ಓ ಎನ್ನದಿರುವುದು, ನನಗೆ ನೋಡಲಾಗಲಿಲ್ಲ. ಇಸ್ತ್ರಿಪೆಟ್ಟಿಗೆ ನಿಲ್ಲಿಸಿ, ಫೋನಿನ ಕಡೆ ತಿರುಗಿ ನನ್ನ ಅರ್ಧ ಇಂಗ್ಲಿಷಿನಲ್ಲಿ ಹೇಳಿದೆ.

“ನಿನ್ನಪ್ಪ ಇಲ್ಲೇ ಇದ್ದಾನೆ. ಬಾಯಿ ಹೋಗಿದೆ. ನೀನು ಊಟ ಮಾಡಿದೆಯಾ?”

ಆ ಕಡೆ ಮಗು ನಕ್ಕಿತು. ಅಷ್ಟು ತಿಂಗಳಲ್ಲಿ ಆ ಫೋನಿನಿಂದ ನಾನು ನಗು ಕೇಳಿರಲಿಲ್ಲ. ಡ್ಯಾಡ್, ಇದು ಯಾರು, ಹೊಸದಾ ಎಂದಿತು.

ಅವನು ಹಿಂದೆ ಆ ಮಗುವಿಗೆ ದನಿ ಮಾಡಿ ತೋರಿಸುತ್ತಿದ್ದನಂತೆ. ಪೋಸ್ಟಿನವನ ದನಿ, ಮುದಿ ಪಾದ್ರಿಯ ದನಿ, ನೆಗಡಿ ಹಿಡಿದ ಒಂಟೆಯ ದನಿ. ನನ್ನದನ್ನೂ ಮಗು ಅಂಥದೇ ಒಂದು ಎಂದು ತಿಳಿಯಿತು. ಅವನು ನನ್ನನ್ನು ನೋಡಿದ. ಎದುರಿನವರು ಕೊಟ್ಟದ್ದಕ್ಕೆ ಹೌದು ಎನ್ನುವುದು ಅವನ ಮೂಳೆಯಲ್ಲಿತ್ತು. ಹೌದು, ಹೊಸದು ಎಂದ. ಕೈಯಲ್ಲಿ ನನಗೆ, ಮುಂದುವರಿಸಿ ಎಂದು ಸನ್ನೆ ಮಾಡಿದ.

ನಾನೂ ಮುಂದುವರಿಸಿದೆ. ಹತ್ತೊಂಬತ್ತು ನಿಮಿಷ ಮಾತಾಡಿತು ಮಗು. ಮುಗಿಯುವಾಗ, ಬರುವ ಶನಿವಾರವೂ ಆ ಹೆಂಗಸು ಇರಬೇಕು ಎಂದಿತು. ಎರಡು ವಾರದ ಮಾತು ಅಲ್ಲಿಗೆ ಬಿತ್ತು.

ಹೀಗೆ ನಾನು ಒಂದು ದನಿಯಾದೆ. ವಾರ ವಾರ ಮೂರು ಗಂಟೆಗೆ ಇಸ್ತ್ರಿ ಹಾಕುತ್ತಾ ಮಾತು. ಅವನು ಪಕ್ಕದಲ್ಲಿ ಸುಮ್ಮನೆ ಕುಳಿತಿರುತ್ತಿದ್ದ. ಮಗು ಸ್ಕೂಲು ಇಷ್ಟವಿಲ್ಲ ಎನ್ನುತ್ತಿತ್ತು. ಯಾರಿಗೆ ಇಷ್ಟ, ಆದರೂ ಹೋಗು, ಇಲ್ಲದಿದ್ದರೆ ನನ್ನ ಹಾಗೆ ಬೇರೆಯವರ ಟಾಯ್ಲೆಟ್ಟು ತೊಳೆಯಬೇಕಾಗುತ್ತದೆ ಎನ್ನುತ್ತಿದ್ದೆ. ಅದಕ್ಕೆ ನಗು. ನಾನು ತಮಾಷೆಗೆ ಹೇಳಿದ್ದಲ್ಲ. ಒಂದು ದಿನ, ಅಮ್ಮನಿಗೆ ಒಬ್ಬ ಫ್ರೆಂಡ್ ಆಗಿದ್ದಾರೆ, ಮನೆಯಲ್ಲೇ ಇರುತ್ತಾರೆ ಎಂದಿತು. ಅವನು ತಲೆ ತಗ್ಗಿಸಿದ. ಅಡಿಗೆ ಮಾಡುತ್ತಾನಾ ಎಂದು ಕೇಳಿದೆ. ಪಾಸ್ತಾ ಮಾಡುತ್ತಾರೆ ಎಂದಿತು. ಮಾಡುವವನಾದರೆ ಇರಲಿ, ಕುಳಿತು ತಿನ್ನುವವನಾದರೆ ಓಡಿಸಿ ಎಂದೆ. ತಗ್ಗಿಸಿದ ತಲೆ ಹಾಗೇ ನಗುತ್ತಿತ್ತು, ಹೆಗಲು ಕುಣಿಯುವುದು ಕಂಡಿತು.

ಕೋಣೆಯಲ್ಲಿ ನನ್ನ ಕೆಳಗಿನ ಮಂಚದವಳು ಮಂಗಳೂರಿನ ಕ್ರಿಶ್ಚಿಯನ್ ಹೆಂಗಸು, ನಾಲ್ಕು ಮಕ್ಕಳ ತಾಯಿ. ಅವಳ ಕಣ್ಣಿನಿಂದ ಏನೂ ತಪ್ಪುವುದಿಲ್ಲ. “ಶನಿವಾರ ಬಂದ್ರೆ ತಲೆಗೆ ಎಣ್ಣೆ ಹಾಕಿ ಬಾಚುದು ಎಂತಕ್ಕೆ ಅಕ್ಕ? ಫೋನಲ್ಲಿ ಕಾಣ್ತದಾ?” ಎಂದು ಕೇಳಿದಳು. ನೀನು ನಿನ್ನ ಕೆಲಸ ನೋಡು ಎಂದೆ.

ಹನ್ನೊಂದು ವಾರ ಹೀಗೆ ನಡೆಯಿತು. ಆಮೇಲೆ ಮಗು, ಸ್ಕೂಲಿಗೆ ಒಂದು ವಾರ ರಜೆ, ನಾನು ಬರುತ್ತೇನೆ, ಟಿಕೇಟು ಆಗಿದೆ ಎಂದಿತು. ಅವನು ಕುರ್ಚಿಯಿಂದ ಎದ್ದೇಬಿಟ್ಟ. ಮಗು ನಿಲ್ಲಿಸಲಿಲ್ಲ. ಡ್ಯಾಡ್, ನಾನು ಬಂದಾಗ ಆ ಹೆಂಗಸನ್ನು ಸ್ಟೇಜಿನ ಮೇಲೆ ಮಾಡಿ ತೋರಿಸಬೇಕು, ಮೊದಲಿನ ಹಾಗೆ ಜನರ ಎದುರು ಎಂದಿತು. ಅವನು ಹೌದು ಎಂದ. ಯೋಚನೆ ಮಾಡುವ ಮೊದಲೇ ಹೌದು. ಕಸುಬಿನ ಚಟ.

ಫೋನು ಇಟ್ಟ ಮೇಲೆ ನಾನು ಹೇಳಿದೆ, ಮಗುವಿಗೆ ನಿಜ ಹೇಳಿ, ಅದರಲ್ಲಿ ಏನಿದೆ, ಕೆಲಸದವಳು ಮಾತಾಡಿದಳು ಎಂದರೆ ಮುಗಿಯಿತು.

“ಹಾಗೆ ಹೇಳಿದರೆ,” ಎಂದ ಅವನು, “ಈ ಹನ್ನೊಂದು ವಾರದಲ್ಲಿ ಅವಳು ಒಂದು ಸಲವೂ ನನ್ನ ಮಾತಿಗೆ ನಗಲಿಲ್ಲ ಅಂತ ಅವಳಿಗೆ ಗೊತ್ತಾಗ್ತದೆ. ಆಮೇಲೆ ಅವಳು ಯಾರಿಗೆ ಫೋನ್ ಮಾಡಬೇಕು?”

ಹಾಗಾಗಿ ಅವನು ನನ್ನನ್ನು ಕಲಿಯತೊಡಗಿದ. ತಲೆಗೆ ಟವಲು ಹಾಕಿ, ಸೊಂಟ ಬಗ್ಗಿಸಿ, ಕೈ ನಡುಗಿಸುತ್ತಾ ಅಡಿಗೆಮನೆಯಲ್ಲಿ ನಡೆದ. ಅದು ಯಾರು ಎಂದು ಕೇಳಿದೆ. ನೀವು ಎಂದ. ನಾನು ಬಗ್ಗುವುದಿಲ್ಲ, ನಾನು ಬಗ್ಗಿದರೆ ಫ್ಯಾನು ಒರೆಸುವವರು ಯಾರು ಎಂದೆ. ಅದನ್ನೂ ಚೀಟಿಯಲ್ಲಿ ಬರೆದುಕೊಂಡ. ನನ್ನ ಮಾತೆಲ್ಲ ಚೀಟಿಯಾಗಿ ಫ್ರಿಜ್ಜಿನ ಮೇಲೆ ಬಂತು. ನಾನು ಕಣ್ಣಲ್ಲಿ ಓದಲಾರೆ, ಆದರೆ ಅವನು ಓದಿ ಹೇಳುವಾಗ ನನ್ನ ಮಾತು ನನಗೇ ಹಳಸಿದ ಅನ್ನದ ಹಾಗೆ ಕೇಳುತ್ತಿತ್ತು.

ನಾನು ಎದುರು ಮಾತಾಡಿದರೆ ಅವನಿಗೆ ಆಗುತ್ತಿರಲಿಲ್ಲ. ಅಲ್ಲ ಎಂದರೆ ಆಟ ಅಲ್ಲಿಗೆ ಸಾಯುತ್ತದೆ, ಹೌದು ಎಂದರೆ ಬೆಳೆಯುತ್ತದೆ ಎನ್ನುತ್ತಿದ್ದ. ನಮ್ಮ ಕಡೆ ಹಾಗಲ್ಲ ಎಂದು ಅವನಿಗೆ ತಾಳಮದ್ದಳೆಯ ವಿಷಯ ಹೇಳಿದೆ. ಕೃಷ್ಣ ಸಂಧಾನಕ್ಕೆ ಹೋಗುತ್ತಾನೆ, ಐದು ಊರು ಕೊಡು ಎನ್ನುತ್ತಾನೆ. ಕೌರವ ಹೌದು ತೆಗೆದುಕೋ ಎಂದರೆ ಐದು ನಿಮಿಷಕ್ಕೆ ಮಂಗಳ ಹಾಡಿ ಮನೆಗೆ ಹೋಗಬಹುದು. ಕೌರವ ಕೊಡುವುದಿಲ್ಲ ಎಂದದ್ದಕ್ಕೇ ಜನ ಕುಳಿತು ಕೇಳುವುದು. ಅವನು ಸ್ವಲ್ಪ ಯೋಚಿಸಿದ. ಆಮೇಲೆ ಅದನ್ನೂ ಬರೆದುಕೊಂಡ. ನಾನು ಹಣೆ ಚಚ್ಚಿಕೊಂಡೆ.

ಮಗು ಬಂತು. ಅದರ ಮರುದಿನ ಶುಕ್ರವಾರ, ನನ್ನ ವಾರದ ರಜೆ. ಸಂಜೆ ನಾಲ್ಕಕ್ಕೆ ದುಬೈಯಲ್ಲಿ ಆಟ. ಅವನು ಸ್ಟೇಜಿನ ಮೇಲಿರುವಾಗ ಮಗುವಿನ ಪಕ್ಕ ಯಾರಾದರೂ ಕುಳಿತುಕೊಳ್ಳಬೇಕು, ಬೇರೆ ಯಾರೂ ಇಲ್ಲ. ನೀವು ಬರಬೇಕು, ಆದರೆ ಬಾಯಿ ತೆರೆಯಬಾರದು ಎಂದ. ಕಾರಿನಲ್ಲಿ ಒಂದೂವರೆ ಗಂಟೆ ನಾನು ಹಿಂದಿನ ಸೀಟಿನಲ್ಲಿ ಮೂಗಿಯಾಗಿ ಕುಳಿತೆ. ಮನೆ ಕ್ಲೀನ್ ಮಾಡುವವರು ಎಂದು ನನ್ನನ್ನು ತೋರಿಸಿದ. ಉದ್ದ ಕಾಲಿನ, ಹಲ್ಲಿಗೆ ಕಂಬಿ ಹಾಕಿದ ಹುಡುಗಿ. ಹಲೋ ಎಂದಿತು. ನಾನು ತಲೆ ಆಡಿಸಿದೆ. ಚ್ಯೂಯಿಂಗ್ ಗಮ್ ಕೊಟ್ಟಿತು. ಅದಕ್ಕೂ ತಲೆ ಆಡಿಸಿದೆ. ನನ್ನ ಹಲ್ಲಿಗೆ ಅದು ಆಗುವುದಿಲ್ಲ, ಸೆರಗಿನ ತುದಿಗೆ ಕಟ್ಟಿಕೊಂಡೆ. ಅಪ್ಪ ಮಗಳು ಕಾರಿನಲ್ಲಿ ಮಾತಾಡಿದ್ದು ಟ್ರಾಫಿಕ್ಕಿನ ವಿಷಯ ಮಾತ್ರ.

ರಾಸ್ ಅಲ್ ಖೋರಿನಲ್ಲಿ ಒಂದು ಗ್ಯಾರೇಜಿನ ಮೇಲಿನ ಹಾಲ್. ಅಲ್ಲಿ ಕೆಲವರು ಸೇರಿ ಈ ಆಟ ಕಲಿಯುತ್ತಿದ್ದರು, ಅವರೇ ಇವನಿಗೆ ಅರ್ಧ ಗಂಟೆ ಬಿಟ್ಟುಕೊಟ್ಟಿದ್ದರು. ಪ್ಲಾಸ್ಟಿಕ್ ಕುರ್ಚಿ, ಮೂವತ್ತು ನಲವತ್ತು ಜನ, ಆಫೀಸಿನ ಪೈಕಿಯವರು. ಕೆಳಗೆ ಯಾರೋ ಕಾರಿನ ತಗ್ಗು ಬಡಿದು ಸರಿ ಮಾಡುತ್ತಿದ್ದರು, ಡಣ್ ಡಣ್ ಎಂದು ಕುರ್ಚಿಯ ಕಾಲಿಗೆ ಬರುತ್ತಿತ್ತು.

ಅವನು ಟವಲು ಹೊದ್ದು ಬಂದ. ಅಷ್ಟು ಹೇಳಿದರೂ ಸೊಂಟ ಬಗ್ಗಿಸಿಯೇ ಬಂದ. ಫ್ರಿಜ್ಜಿನ ಮೇಲಿನ ಚೀಟಿಗಳನ್ನು ಬಾಯಿಪಾಠ ಮಾಡಿದ್ದ, ಒಂದೊಂದಾಗಿ ಹೇಳಿದ. ಯಾರೂ ನಗಲಿಲ್ಲ. ಒಬ್ಬ ಕೆಮ್ಮಿದ, ಒಬ್ಬಳು ಫೋನು ತೆಗೆದಳು. ಅವನ ಮೇಲ್ದುಟಿಯಲ್ಲಿ ಬೆವರು ಕಾಣುತ್ತಿತ್ತು. ಇದು ಬಿದ್ದರೆ ಬರೀ ಆಟ ಬೀಳುವುದಲ್ಲ ಎಂದು ನನಗೆ ಗೊತ್ತಿತ್ತು, ಅವನಿಗೂ ಗೊತ್ತಿತ್ತು.

ಆಗ ಪಕ್ಕದ ಮಗು ಮುಂದೆಯೇ ನೋಡುತ್ತಾ, ತುಟಿ ಅಲುಗಿಸದೆ, “ಡ್ಯಾಡ್‌ಗೆ ನಿಮ್ಮ ದನಿ ಬರುವುದಿಲ್ಲ,” ಎಂದಿತು.

ನಾನು ಸೆರಗಿನ ಗಂಟು ಬಿಗಿ ಮಾಡಿದೆ.

“ನೀವು ಮಾತಾಡಬಹುದು. ನನಗೆ ಮೂರನೇ ವಾರದಿಂದ ಗೊತ್ತು. ನೀವು ಮಾತಾಡ್ತಾ ಇರುವಾಗ ಹಿಂದೆ ಡ್ಯಾಡ್ ಕೆಮ್ಮಿದರು.”

ಮತ್ತೆ ಯಾಕೆ ಹೇಳಲಿಲ್ಲ ಎಂದು ಕೇಳಿದೆ.

“ಹೇಳಿದರೆ ಅವರು ಮತ್ತೆ ಓದುತ್ತಿದ್ದರು. ಕಾಗದ ತಿರುಗಿಸುವುದು ನನಗೆ ಕೇಳಿಸ್ತದೆ.” ಆಮೇಲೆ ಕುರ್ಚಿಯ ಅಂಚನ್ನು ಎರಡು ಕೈಯಲ್ಲಿ ಹಿಡಿದುಕೊಂಡು, “ಏನಾದರೂ ಮಾಡಿ,” ಎಂದಿತು.

ಸ್ಟೇಜಿನಲ್ಲಿ ಅವನ ಚೀಟಿ ಮುಗಿದಿತ್ತು. ಕೆಳಗೆ ಡಣ್ ಡಣ್. ನಾನು ಕುಳಿತಲ್ಲಿಂದಲೇ ಗಟ್ಟಿಯಾಗಿ, ಅದು ನಾನಲ್ಲ ಎಂದೆ.

ಜನರೆಲ್ಲ ತಿರುಗಿದರು. ಅವನು ಹಣೆಗೆ ಕೈ ಅಡ್ಡ ಹಿಡಿದು ನನ್ನನ್ನು ನೋಡಿದ. ಬಿಳಿಚಿಕೊಂಡಿದ್ದ. ಮೆಲ್ಲನೆ, ಹಾಗಾದರೆ ನೀವು ಯಾರು ಎಂದು ಕೇಳಿದ. ನನ್ನ ಅಣ್ಣ ಹೇಳುತ್ತಿದ್ದ, ಎದುರಿನವನು ಯಾರು ಎಂದು ಕೇಳಿದರೆ ಅರ್ಧ ಪ್ರಸಂಗ ಸಿಕ್ಕಿದ ಹಾಗೆ ಎಂದು. ನಿಮ್ಮ ಅಂಗಿಗೆ ಇಸ್ತ್ರಿ ಹಾಕುವವಳು ಎಂದೆ. ಮೇಲೆ ಬನ್ನಿ ಎಂದ. ಬರುವುದಿಲ್ಲ ಎಂದೆ. ಯಾರೋ ಇಬ್ಬರು ನಕ್ಕರು. ಇದು ಆಟದ್ದೇ ಎಂದು ತಿಳಿದರೋ ಏನೋ. ಇಸ್ತ್ರಿಗೆ ಬರುತ್ತೀರಿ, ಇಲ್ಲಿಗೆ ಬರುವುದಿಲ್ಲವಾ ಎಂದ. ಇವತ್ತು ನನ್ನ ರಜೆ ಎಂದೆ. ಕುರ್ಚಿ ಕೊಡುತ್ತೇನೆ ಎಂದ. ಕುರ್ಚಿಯಲ್ಲೇ ಇದ್ದೇನೆ, ನಿಂತಿರುವುದು ನೀವು ಎಂದೆ. ಆಗ ಇಡೀ ಹಾಲ್ ನಕ್ಕಿತು.

ಅವನು ಇನ್ನೂ ಬಗ್ಗಿಕೊಂಡೇ ಇದ್ದ. ಟವಲು ಹಾಗೇ ಇತ್ತು. ಮಗಳನ್ನು ನೋಡಲು ಅವನಿಗೆ ಧೈರ್ಯ ಇರಲಿಲ್ಲ, ನನ್ನ ಕಡೆಯೇ ನೋಡುತ್ತಿದ್ದ. ಮಗುವೇ ಎದ್ದು ನಿಂತಿತು.

“ಡ್ಯಾಡ್, ಕೆಮ್ಮಿ,” ಎಂದಿತು.

ಜನರಿಗೆ ಅದು ಏನೂ ಅಲ್ಲ. ಅವನು ಮಗುವನ್ನೇ ನೋಡಿದ. ನೋಡುತ್ತಾ ನೋಡುತ್ತಾ ಅವನಿಗೆ ತಿಳಿಯುವುದು ನನಗೆ ಕಂಡಿತು. ಸೊಂಟ ನೆಟ್ಟಗಾಯಿತು. ಟವಲು ತೆಗೆದು ಹೆಗಲಿಗೆ ಹಾಕಿಕೊಂಡ. ಆಮೇಲೆ ಕೆಮ್ಮಿದ. ಸಣ್ಣ ಕೆಮ್ಮು, ನಾಚಿಕೆಯ ಕೆಮ್ಮು. ಮಗು ಕಂಬಿ ಹಾಕಿದ ಹಲ್ಲು ಪೂರ್ತಿ ಕಾಣುವ ಹಾಗೆ ನಕ್ಕಿತು. ಅವನು ಇನ್ನೊಂದು ಸಲ ಕೆಮ್ಮಿದ. ಆ ಕೆಮ್ಮಿನಿಂದಲೇ ಒಬ್ಬ ರೋಗಿ ಬಂದ, ಅವನ ಹಿಂದೆ ಒಬ್ಬ ಡಾಕ್ಟರು, ನೆಗಡಿಯ ಒಂಟೆಯೂ ಬಂತು. ಕೆಳಗಿನ ಸುತ್ತಿಗೆಯವನನ್ನೂ ಬಿಡಲಿಲ್ಲ, ಅವನು ಬಡಿದಾಗಲೆಲ್ಲ ರೋಗಿಗೆ ಇಂಜೆಕ್ಷನ್ನು. ನನ್ನ ಕಡೆ ಮತ್ತೆ ತಿರುಗಲಿಲ್ಲ, ತಿರುಗುವ ಅಗತ್ಯವೂ ಇರಲಿಲ್ಲ. ಮಗು ಒಂದೊಂದು ಮಾತು ಎಸೆಯುತ್ತಿತ್ತು, ಅವನು ಹಿಡಿಯುತ್ತಿದ್ದ. ಅರ್ಧ ಗಂಟೆ ಕೇಳಿದ್ದವನು ಮುಕ್ಕಾಲು ಗಂಟೆ ಆಡಿದ.

ನಾನು ಅವನ ಆಟ ನೋಡಿದ್ದು ಅದೊಂದೇ ಸಲ. ಒಳ್ಳೆಯ ಕಸುಬುಗಾರ. ಅಣ್ಣನಷ್ಟು ಅಲ್ಲ.

ವಾಪಸು ಬರುವಾಗ ಕಾರಿನಲ್ಲಿ ಇಬ್ಬರೂ ಬಾಯಿ ಮುಚ್ಚಲಿಲ್ಲ. ಹನ್ನೊಂದು ವಾರ ಯಾರು ಯಾರಿಗೆ ಮೋಸ ಮಾಡಿದ್ದು ಎಂದು ಅಪ್ಪ ಮಗಳು ಲೆಕ್ಕ ಹಾಕುತ್ತಿದ್ದರು. ಇಷ್ಟು ದಿನ ಆಟ ಆಡಿದ್ದು ಇವಳು, ನಾನಲ್ಲ ಎಂದು ಅವನು ಕನ್ನಡಿಯಲ್ಲಿ ನನಗೆ ಹೇಳಿದ. ನಾನು ಹೂಂ ಎಂದೆ. ನನಗೆ ಬಾಯಿ ತೆರೆಯಲು ಈಗ ಅಡ್ಡಿ ಏನೂ ಇರಲಿಲ್ಲ, ಆದರೆ ನನ್ನನ್ನು ಯಾರೂ ಏನೂ ಕೇಳಲಿಲ್ಲ. ತಪ್ಪು ಅವರದ್ದಲ್ಲ. ಅವರಿಗೆ ತುಂಬಾ ಬಾಕಿ ಇತ್ತು ಮಾತಾಡಲು.

ಕ್ಯಾಂಪಿನ ಗೇಟಿನ ಹತ್ತಿರ ಇಳಿಸಿದರು. ಅವನೂ ಇಳಿದು ಬಂದು ನನ್ನ ಕೈ ಹಿಡಿದುಕೊಂಡ. ನಾಳೆ ಬರುವುದು ಬೇಡ, ಮಗಳನ್ನು ಸಮುದ್ರಕ್ಕೆ ಕರೆದುಕೊಂಡು ಹೋಗುತ್ತೇನೆ, ಕಂಪನಿಗೆ ಮೆಸೇಜು ಹಾಕಿದ್ದೇನೆ ಎಂದ. ಮಗು ಕಿಟಕಿ ಇಳಿಸಿ ಕೇಳಿತು.

“ನಾನು ಊರಿಗೆ ಹೋದ ಮೇಲೆ ಶನಿವಾರ ನೀವೂ ಫೋನಿಗೆ ಬರ್ತೀರಲ್ಲ?”

ಅವನು ರಸ್ತೆಯ ಕಡೆ ನೋಡಿದ. ನಾನು ಬಂದರೆ ಏನಾಗುತ್ತದೆ ಎಂದು ನನಗೆ ಗೊತ್ತಿತ್ತು. ನಾನು ಮಾತಾಡುತ್ತೇನೆ, ಅವನು ಪಕ್ಕದಲ್ಲಿ ಕುಳಿತು ಕೇಳುತ್ತಾನೆ. ಅಭ್ಯಾಸ ಬಿಡುವುದು ಕಷ್ಟ, ಅವನಿಗೂ, ನನಗೂ.

“ಇಲ್ಲ,” ಎಂದೆ. “ನಿನ್ನಪ್ಪನಿಗೆ ಬಾಯಿ ಬಂದಿದೆಯಲ್ಲ. ನನಗೆ ಬೇರೆ ಕೆಲಸ ಉಂಟು.”

ಕೋಣೆಯಲ್ಲಿ ಐದೂ ಜನ ಗೋಡೆಗೆ ಮುಖ ಮಾಡಿ ಫೋನಿನಲ್ಲಿದ್ದರು. ಒಗೆಯಲು ಬಟ್ಟೆ ಇರಲಿಲ್ಲ. ಮಲಗಿದೆ.

ಮರುದಿನ ಬೆಳಿಗ್ಗೆ ಆರು ಗಂಟೆಗೆ ಗೇಟಿಗೆ ಹೋದೆ. ಸೂಪರ್‌ವೈಸರ್ ನಮ್ಮ ಕಡೆಯವನೇ, ಉಡುಪಿಯವನು, ಲಿಸ್ಟು ಹಿಡಿದು ವ್ಯಾನಿನ ಬಾಗಿಲಲ್ಲಿ ನಿಂತಿದ್ದ. “ಎಂತ ಅಕ್ಕ, ನಿಮ್ಮ ರೀಮ್‌ನವರು ಇವತ್ತು ಬೇಡ ಅಂತ ಹೇಳಿದ್ದಾರಲ್ಲ, ಮಲಗಿ ಹೋಗಿ,” ಎಂದ. ನಾನು ಆ ಮನೆಯ ಶನಿವಾರದ್ದನ್ನು ಇನ್ನು ಮುಂದೆ ಬೇರೆಯವರಿಗೆ ಕೊಡು, ಸೋಮವಾರ ಬುಧವಾರ ಇರಲಿ, ಶನಿವಾರ ನನಗೆ ಬೇರೆ ಮನೆ ಹಾಕು, ಬೆಳಿಗ್ಗೆಯಿಂದಲೇ ಹಾಕು ಎಂದೆ. ಅವನು ಮುಖ ನೋಡಿದ. ಜಗಳ ಆಯಿತಾ ಎಂದು ಕೇಳಿದ. ಇಲ್ಲ, ಬರೆ ಎಂದೆ. ಬರೆದ. ಖಲೀಫಾ ಸಿಟಿಯಲ್ಲಿ ಒಂದು ವಿಲ್ಲಾ ಉಂಟು, ಜನ ಬಿಟ್ಟು ಹೋಗಿ ಎರಡು ತಿಂಗಳಾಗಿದೆ, ಹೊಸಬರು ಬರುವ ಮೊದಲು ತೊಳೆಯಬೇಕು ಎಂದ.

ವ್ಯಾನು ಏಳಕ್ಕೆ ಅಲ್ಲಿ ಇಳಿಸಿತು. ಒಳಗೆ ಒಂದು ಕುರ್ಚಿಯೂ ಇರಲಿಲ್ಲ. ಕಿಟಕಿಗಳ ಮೇಲೆ ಎರಡು ತಿಂಗಳ ಮರಳು ಅಂಟಿಕೊಂಡಿತ್ತು. ಬಕೆಟ್ಟಿಗೆ ನೀರು ಹಿಡಿದು ಮೇಲಿನ ಮಾಳಿಗೆಯಿಂದ ಶುರು ಮಾಡಿದೆ.